ಫಿಡಲ್‌ಹೆಡ್ ಚೀಸ್ ಡಿಪ್: ಓವನ್‌ಗೆ ಹೋಗುವ ಮೊದಲೇ ಸುರುಳಿ ಪೂರ್ತಿ ಬೆಂದಿರಬೇಕು

ನದಿದಂಡೆ (ಮೈನ್)

ಫಿಡಲ್‌ಹೆಡ್ ಕಾಲ ಬಂದಿದೆ. ಆಸ್ಟ್ರಿಚ್ ಫರ್ನ್ ಎಂಬ ಜರೀಗಿಡದ ಇನ್ನೂ ಬಿಚ್ಚದ ಎಳೆ ಸುರುಳಿಯೇ ಫಿಡಲ್‌ಹೆಡ್. ಪೆನಾಬ್‌ಸ್ಕಾಟ್ ನದಿಯ ನೆರೆ ಇಳಿದು ದಂಡೆಯ ಮಣ್ಣು ಮೇಲೆದ್ದಿದೆ, ರಸ್ತೆಬದಿಯಲ್ಲಿ ಮಾರಾಟವೂ ಶುರುವಾಗಿದೆ. ಒಂದು ಜಾಗದಲ್ಲಿ ಇದು ಸಿಗುವುದು ಎರಡು ಮೂರು ವಾರ ಮಾತ್ರ. ಆಮೇಲೆ ಸುರುಳಿ ಬಿಚ್ಚಿ ಎಲೆಯಾಗುತ್ತದೆ, ಎಲೆಯಾದ ಮೇಲೆ ಅದನ್ನು ತಿನ್ನುವಂತಿಲ್ಲ. ಈ ಸಲ ಹಲವರು ಇದನ್ನು ಬಿಸಿ ಚೀಸ್ ಡಿಪ್‌ಗೆ, ಅಂದರೆ ಬ್ರೆಡ್ ಅದ್ದಿ ತಿನ್ನುವ ಗಟ್ಟಿ ಚೀಸ್ ಮಿಶ್ರಣಕ್ಕೆ, ಹಾಕುವುದು ಹೇಗೆಂದು ಕೇಳಿದ್ದಾರೆ. ಪಾಲಕ್ ಡಿಪ್ ಮಾಡುವ ಕ್ರಮದಲ್ಲೇ ಮಾಡಿಬಿಡಬಹುದು ಎಂದುಕೊಂಡು ಕೇಳಿದವರೇ ಹೆಚ್ಚು. ಹಾಗೆ ಮಾಡಬಾರದು. ಹಸಿ ಪಾಲಕ್ ತಿಂದರೆ ಏನೂ ಆಗುವುದಿಲ್ಲ. ಹಸಿ ಅಥವಾ ಅರೆಬೆಂದ ಫಿಡಲ್‌ಹೆಡ್ ತಿಂದರೆ ಹೊಟ್ಟೆ ಕೆಡಬಹುದು. ಆದ್ದರಿಂದ ಮೊದಲು ಬೇಯಿಸುವ ವಿಷಯ, ನಂತರ ಚೀಸ್.

ಬೇಕಾಗುವುದು: ಹಸಿ ಫಿಡಲ್‌ಹೆಡ್ 450 ಗ್ರಾಂ, ಕ್ರೀಮ್ ಚೀಸ್ 225 ಗ್ರಾಂ, ಸಾವರ್ ಕ್ರೀಮ್ ಅರ್ಧ ಕಪ್, ಹರಿತ ರುಚಿಯ ಚೆಡ್ಡಾರ್ ಚೀಸ್ 150 ಗ್ರಾಂ, ಗ್ರುಯೆರ್ ಚೀಸ್ 60 ಗ್ರಾಂ, ಒಂದು ಸಣ್ಣ ಈರುಳ್ಳಿ, ಮೂರು ಎಸಳು ಬೆಳ್ಳುಳ್ಳಿ, ಒಂದು ದೊಡ್ಡ ಚಮಚ ಬೆಣ್ಣೆ, ಎರಡು ಸಣ್ಣ ಚಮಚ ಮೆಕ್ಕೆಜೋಳದ ಪಿಷ್ಟ (ಕಾರ್ನ್‌ಸ್ಟಾರ್ಚ್), ಕರಿಮೆಣಸು, ಚಿಟಿಕೆ ಜಾಯಿಕಾಯಿ, ಅರ್ಧ ನಿಂಬೆಯ ಸಿಪ್ಪೆಯ ತುರಿ.

ಸುರುಳಿಯ ಮೇಲೆ ಕಂದು ಬಣ್ಣದ ಕಾಗದದಂಥ ಹೊಟ್ಟು ಅಂಟಿರುತ್ತದೆ. ಒಣಗಿರುವಾಗಲೇ ಅಂಗೈಯಲ್ಲಿ ಉಜ್ಜಿದರೆ ಮುಕ್ಕಾಲು ಪಾಲು ಉದುರುತ್ತದೆ. ಉಳಿದದ್ದನ್ನು ತೆಗೆಯಲು ದೊಡ್ಡ ಪಾತ್ರೆಯ ತಣ್ಣೀರಿನಲ್ಲಿ ಕಲಕಿ, ನೀರು ಚೆಲ್ಲಿ, ಮತ್ತೆ ತುಂಬಿ. ನೀರು ತಿಳಿಯಾಗುವವರೆಗೆ ಇದನ್ನು ಮಾಡಲೇಬೇಕು. ದಂಡೆಯ ಮರಳು ಸುರುಳಿಯ ಒಳಮಡಿಕೆಯಲ್ಲಿ ಕುಳಿತಿದ್ದರೆ ಎಂಥ ಒಳ್ಳೆಯ ಚೀಸ್ ಹಾಕಿದರೂ ಡಿಪ್ ಹಲ್ಲಿಗೆ ಕರಕರ ಎನ್ನುತ್ತದೆ. ತೊಟ್ಟಿನ ಕಂದಿದ ತುದಿಯನ್ನು ಕತ್ತರಿಸಿ ಬಿಸಾಡಿ.

ದೊಡ್ಡ ಪಾತ್ರೆಯಲ್ಲಿ ಧಾರಾಳವಾಗಿ ನೀರು ಕುದಿಸಿ, ಸ್ವಲ್ಪ ಉಪ್ಪು ಹಾಕಿ, ಸುರುಳಿಗಳನ್ನು ಇಡಿಯಾಗಿಯೇ ಹಾಕಿ. ನೀರು ಮತ್ತೆ ಕುದಿಯತೊಡಗಿದ ಮೇಲೆ ಗಡಿಯಾರ ನೋಡಿ 15 ನಿಮಿಷ. ಹಬೆಯಲ್ಲಿ ಬೇಯಿಸುವುದಾದರೆ 10ರಿಂದ 12 ನಿಮಿಷ. ಬೇಯಿಸಿದ ನೀರನ್ನು ಚೆಲ್ಲಿಬಿಡಿ; ಸೂಪಿಗೂ ಬೇಡ, ಡಿಪ್ ತೆಳುವಾಗಿಸಲೂ ಬೇಡ. ಕೆನಡಾದ ಆರೋಗ್ಯ ಇಲಾಖೆಯಾದ ಹೆಲ್ತ್ ಕೆನಡಾ ಮತ್ತು ಮೈನ್ ವಿಶ್ವವಿದ್ಯಾಲಯದ ವಿಸ್ತರಣಾ ವಿಭಾಗ, ಎರಡೂ ಹೇಳುವುದು ಇದೇ ಅಳತೆಗಳನ್ನು.

ಬೆಂದದ್ದನ್ನು ಐಸ್ ನೀರಿಗೆ ಹಾಕಿ ತಣಿಸಿ, ಬಸಿದು, ಒರಟಾಗಿ ಕೊಚ್ಚಿ. ನೋಟಕ್ಕೆಂದು ಏಳೆಂಟು ಇಡೀ ಸುರುಳಿಗಳನ್ನು ಎತ್ತಿಡಿ. ಕೊಚ್ಚಿದ್ದನ್ನು ಶುಭ್ರವಾದ ಬಟ್ಟೆಯಲ್ಲಿ ಕಟ್ಟಿ ಹಿಂಡಿ. ಈ ಹಂತದಲ್ಲಿ ಅವಸರ ಮಾಡಬೇಡಿ, ಡಿಪ್ ನೀರಾಗುವುದು ಇಲ್ಲಿಯ ಉದಾಸೀನದಿಂದಲೇ.

ಬೆಣ್ಣೆಯಲ್ಲಿ ಈರುಳ್ಳಿಯನ್ನು ಮೆತ್ತಗಾಗುವವರೆಗೆ ಬಾಡಿಸಿ, ಬೆಳ್ಳುಳ್ಳಿ ಹಾಕಿ ಅರ್ಧ ನಿಮಿಷ ಕೈಯಾಡಿಸಿ, ಕೊಚ್ಚಿದ ಫಿಡಲ್‌ಹೆಡ್ ಸೇರಿಸಿ ಅಂಚು ಅಲ್ಲಲ್ಲಿ ಕಂದುವವರೆಗೆ ಹುರಿಯಿರಿ. ಒಲೆ ಆರಿಸಿ. ಕೋಣೆಯ ಬಿಸಿಗೆ ಬಂದ ಕ್ರೀಮ್ ಚೀಸ್ ಮತ್ತು ಸಾವರ್ ಕ್ರೀಮ್ ಕಲಸಿ, ಪಿಷ್ಟ ಹೊರಳಿಸಿದ ಚೀಸ್ ತುರಿಯ ಮುಕ್ಕಾಲು ಪಾಲು, ಕರಿಮೆಣಸು, ಜಾಯಿಕಾಯಿ ಸೇರಿಸಿ. ಓವನ್ ತಟ್ಟೆಗೆ ಹರಡಿ, ಉಳಿದ ಚೀಸ್ ಮತ್ತು ಇಡೀ ಸುರುಳಿಗಳನ್ನು ಮೇಲೆ ಜೋಡಿಸಿ, 375 ಡಿಗ್ರಿ ಫ್ಯಾರನ್‌ಹೀಟ್‌ನಲ್ಲಿ, ಅಂದರೆ ಸುಮಾರು 190 ಸೆಲ್ಸಿಯಸ್‌ನಲ್ಲಿ, ಅಂಚು ಗುಳ್ಳೆಯೇಳುವವರೆಗೆ ಇಡಿ. ಸುಮಾರು 20 ನಿಮಿಷ ಸಾಕು. ನಿಂಬೆ ಸಿಪ್ಪೆಯ ತುರಿ ಕೊನೆಯಲ್ಲಿ, ಹೊರತೆಗೆದ ಮೇಲೆ. ಉಪ್ಪನ್ನು ರುಚಿ ನೋಡದೆ ಹಾಕಬೇಡಿ, ಚೀಸ್‌ನಲ್ಲೇ ಬೇಕಾದಷ್ಟಿರುತ್ತದೆ.

ಹೊಸಒಲೆ (ಬಾಸ್ಟನ್)

ವಿವರವಾಗಿ ಬರೆದಿದ್ದಕ್ಕೆ ಧನ್ಯವಾದಗಳು. ಒಂದು ಸಂದೇಹ. ಹೇಗೂ ಬಾಣಲೆಯಲ್ಲಿ ಹುರಿಯುತ್ತೇವೆ, ಆಮೇಲೆ ಓವನ್‌ನಲ್ಲಿ 190 ಡಿಗ್ರಿಯಲ್ಲಿ 20 ನಿಮಿಷ ಇಡುತ್ತೇವೆ. ಕುದಿಯುವ ನೀರು ಇರುವುದೇ 100 ಡಿಗ್ರಿ. ಹಾಗಿದ್ದರೆ ಓವನ್‌ನ ಬಿಸಿಯೇ ಹೆಚ್ಚಲ್ಲವೇ? ಕುದಿಸುವುದನ್ನು ಬಿಟ್ಟರೆ ಸುರುಳಿ ಗರಿಗರಿಯಾಗಿ ಉಳಿಯುತ್ತದೆ ಎಂದು ನನ್ನ ಆಸೆ.

ನದಿದಂಡೆ (ಮೈನ್)

ಈ ತರ್ಕ ಮೇಲ್ನೋಟಕ್ಕೆ ಸರಿಯಾಗಿ ಕಾಣುತ್ತದೆ, ಅಪಾಯವಿರುವುದೂ ಅದರಲ್ಲೇ. 190 ಡಿಗ್ರಿ ಇರುವುದು ಓವನ್‌ನ ಗಾಳಿ, ಡಿಪ್ ಅಲ್ಲ. ಡಿಪ್‌ನಲ್ಲಿ ನೀರಿನಂಶ ಇರುವವರೆಗೆ ಅದರ ಒಳಗಿನ ಬಿಸಿ 100 ಡಿಗ್ರಿಯನ್ನು ದಾಟಲಾರದು. ಅಂಚಿನಲ್ಲಿ ಗುಳ್ಳೆ ಬರುವ ಹೊತ್ತಿಗೆ ನಡುಭಾಗ ಅದಕ್ಕಿಂತ ಬಹಳ ಕೆಳಗಿರುತ್ತದೆ. ದಪ್ಪ ಚೀಸಿನೊಳಗೆ ಬಿಸಿ ನಿಧಾನವಾಗಿ ಸಾಗುತ್ತದೆ. 20 ನಿಮಿಷದಲ್ಲಿ ಮೊದಲ ಹತ್ತು ಹನ್ನೆರಡು ನಿಮಿಷ ಬರೀ ಬೆಚ್ಚಗಾಗುವುದರಲ್ಲೇ ಕಳೆಯುತ್ತದೆ. ಕುದಿಯುವ ನೀರಿನಲ್ಲಾದರೆ ಪ್ರತಿ ಸುರುಳಿಯ ಸುತ್ತಲೂ ಪೂರ್ತಿ ಬಿಸಿ, ಮೊದಲ ಕ್ಷಣದಿಂದ ಕೊನೆಯವರೆಗೆ. ಮೇಲಾಗಿ ಆ ನೀರನ್ನು ನಾವು ಚೆಲ್ಲುತ್ತೇವೆ. ಡಿಪ್‌ನಲ್ಲಿ ಚೆಲ್ಲುವುದಕ್ಕೆ ಏನೂ ಇಲ್ಲ, ಸುರುಳಿಯಿಂದ ಹೊರಬಂದದ್ದೆಲ್ಲ ಚೀಸ್‌ನಲ್ಲೇ ಉಳಿಯುತ್ತದೆ.

ಗರಿಗರಿ ಬೇಕೆಂದರೆ ಬೇರೆ ದಾರಿಗಳಿವೆ, ಆದರೆ ಕುದಿಸಿದ ನಂತರ.

ಎಚ್ಚರವಿರಲಿ (ನ್ಯೂಯಾರ್ಕ್ ರಾಜ್ಯ)

ಹೊಸಒಲೆಯವರಿಗೆ ಇನ್ನೊಂದು ಮಾತು. ಇದು ಬರೀ ಹಿರಿಯರ ಭಯವಲ್ಲ. 1994ರ ವಸಂತದಲ್ಲಿ ನಮ್ಮ ರಾಜ್ಯದಲ್ಲೂ ಕೆನಡಾದ ಪಶ್ಚಿಮ ಭಾಗದಲ್ಲೂ ಉಪಾಹಾರಗೃಹಗಳಲ್ಲಿ ಫಿಡಲ್‌ಹೆಡ್ ತಿಂದವರು ಕಾಯಿಲೆ ಬಿದ್ದರು. ಅಮೆರಿಕದ ರೋಗ ನಿಯಂತ್ರಣ ಕೇಂದ್ರ ಅದೇ ವರ್ಷ ಆ ಬಗ್ಗೆ ವರದಿ ಪ್ರಕಟಿಸಿತು. ತನಿಖೆಯಲ್ಲಿ ಕಂಡದ್ದು ಇಷ್ಟು: ಎಲ್ಲಿ ಸುರುಳಿಗಳನ್ನು ಬೆಣ್ಣೆಯಲ್ಲಿ ಎರಡು ನಿಮಿಷ ಮಾತ್ರ ಹುರಿದು ಬಡಿಸಿದ್ದರೋ ಅಲ್ಲಿ ಜನರಿಗೆ ಹೊಟ್ಟೆ ಕೆಟ್ಟಿತು, ಎಲ್ಲಿ ಹುರಿಯುವ ಮೊದಲು ಹತ್ತು ನಿಮಿಷ ಕುದಿಸಿದ್ದರೋ ಅಲ್ಲಿ ಕಾಯಿಲೆಯ ದೂರು ಬರಲಿಲ್ಲ. ಯಾವ ಅಂಶದಿಂದ ಹೀಗಾಯಿತು ಎಂಬುದನ್ನು ತನಿಖೆ ಗುರುತಿಸಲಿಲ್ಲ. ನನಗೆ ಮುಖ್ಯವೆನಿಸುವುದು ಇದೇ. ಕಾರಣ ಗೊತ್ತಿದ್ದಿದ್ದರೆ ಇಂತಿಷ್ಟು ಬಿಸಿ, ಇಂತಿಷ್ಟು ಹೊತ್ತು ಎಂದು ಲೆಕ್ಕ ಹಾಕಿ ಅಡ್ಡದಾರಿ ಹುಡುಕಬಹುದಿತ್ತು. ಗೊತ್ತಿಲ್ಲದಿರುವಾಗ ಫಲ ಕೊಟ್ಟ ಕ್ರಮವನ್ನು ಹಾಗೆಯೇ ಪಾಲಿಸುವುದು ಬಿಟ್ಟು ಬೇರೆ ದಾರಿಯಿಲ್ಲ.

ವಾಕರಿಕೆ, ವಾಂತಿ, ಭೇದಿ, ಹೊಟ್ಟೆ ನುಲಿತ, ತಲೆನೋವು ಇದರ ಲಕ್ಷಣಗಳು. ತಿಂದ ಅರ್ಧ ಗಂಟೆಯಿಂದ ಹನ್ನೆರಡು ಗಂಟೆಯೊಳಗೆ ಶುರುವಾಗುತ್ತವೆ. ಸಾಮಾನ್ಯವಾಗಿ ಒಂದು ದಿನದಲ್ಲಿ ಕಡಿಮೆಯಾದರೂ ಚಿಕ್ಕ ಮಕ್ಕಳಲ್ಲಿ, ವಯಸ್ಸಾದವರಲ್ಲಿ ದೇಹದ ನೀರು ಬತ್ತುವ ಭಯವಿದೆ. ಡಿಪ್ ಎಂದರೆ ಹತ್ತಾರು ಜನ ಒಂದೇ ಬಟ್ಟಲಿಗೆ ಕೈಹಾಕುವ ತಿನಿಸು. ತಪ್ಪು ಒಬ್ಬರ ತಟ್ಟೆಯಲ್ಲಿ ನಿಲ್ಲುವುದಿಲ್ಲ.

ಮೈಕ್ರೋವೇವ್‌ನಲ್ಲಿ ಬೇಯಿಸುವುದನ್ನೂ ಹೆಲ್ತ್ ಕೆನಡಾ ಶಿಫಾರಸು ಮಾಡುವುದಿಲ್ಲ.

ಹೊಸಒಲೆ (ಬಾಸ್ಟನ್)

ಅರ್ಥವಾಯಿತು. ಕುದಿಸಿಯೇ ಮಾಡುತ್ತೇನೆ.

ಬೆಳ್ಳುಳ್ಳಿಪ್ರಿಯ (ನ್ಯೂ ಹ್ಯಾಂಪ್‌ಶೈರ್)

ಸುರಕ್ಷತೆಯ ಮಾತನ್ನು ಒಪ್ಪುತ್ತೇನೆ. ಆದರೂ ಒಂದನ್ನು ಹೇಳಬೇಕು: 15 ನಿಮಿಷ ಕುದಿಸಿದ ಫಿಡಲ್‌ಹೆಡ್ ಬಣ್ಣಗೆಟ್ಟು, ಬಾಯಲ್ಲಿ ಮುದ್ದೆಯಾಗುವುದನ್ನು ಹಲವು ಮನೆಗಳಲ್ಲಿ ಕಂಡಿದ್ದೇನೆ. ಶತಾವರಿ, ಹುರುಳಿಕಾಯಿಗಳನ್ನು ನೆನಪಿಸುವ ಆ ಎಳೆಯ ಹಸಿರು ರುಚಿಗಾಗಿಯೇ ಅಲ್ಲವೇ ನಾವು ವರ್ಷವಿಡೀ ಕಾಯುವುದು? ಅದೇ ಹೋದರೆ ಬರೀ ಚೀಸ್ ತಿಂದಂತಾಯಿತು. ರುಚಿ ಉಳಿಸಿಕೊಂಡು ಪೂರ್ತಿ ಬೇಯಿಸುವ ದಾರಿ ಇದೆಯೇ?

ಹಬೆಪಾತ್ರೆ (ಒಟ್ಟಾವಾ)

ಇದೆ. ನಾನು ಹಬೆಯ ಪಕ್ಷದವಳು. 10ರಿಂದ 12 ನಿಮಿಷದಲ್ಲಿ ಕೆಲಸ ಮುಗಿಯುತ್ತದೆ, ಸುರುಳಿ ನೀರು ಕುಡಿಯುವುದಿಲ್ಲ, ಹಿಂಡುವ ಶ್ರಮವೂ ಅರ್ಧ. ಆದರೆ ಹಬೆತಟ್ಟೆಯಲ್ಲಿ ಒಂದೇ ಪದರವಾಗಿ ಹರಡಬೇಕು. ಗುಡ್ಡೆ ಹಾಕಿದರೆ ನಡುವಿನವು ಹಸಿಯಾಗಿ ಉಳಿಯುತ್ತವೆ. 450 ಗ್ರಾಂ ಬೇಯಿಸಬೇಕಾದರೆ ಎರಡು ಸರದಿ ಮಾಡಿ, ಎರಡನೆಯ ಸರದಿಗೂ ಪೂರ್ತಿ ಸಮಯ ಕೊಡಿ. ಕೆಳಗಿನ ನೀರು ಬತ್ತದಂತೆ ನೋಡಿಕೊಳ್ಳಿ. ನೀರು ಆರಿ ಹಬೆ ನಿಂತರೆ ಗಡಿಯಾರದ ಲೆಕ್ಕಕ್ಕೆ ಅರ್ಥವಿಲ್ಲ.

ಕುದಿಸುವವರು ಬಣ್ಣ ಉಳಿಸಿಕೊಳ್ಳಬೇಕೆಂದರೆ ಎರಡು ವಿಷಯ. ನೀರು ಹೆಚ್ಚಿರಲಿ, ಮುಚ್ಚಳ ತೆರೆದಿರಲಿ. ತರಕಾರಿಯಿಂದ ಹೊರಬರುವ ಆಮ್ಲಗಳು ಹಸಿರನ್ನು ಮಂಕಾಗಿಸುತ್ತವೆ. ಹೆಚ್ಚು ನೀರಿನಲ್ಲಿ ಅವು ತೆಳುವಾಗುತ್ತವೆ, ಆವಿಯಾಗುವಂಥವು ತೆರೆದ ಬಾಯಿಂದ ಹೊರಟುಹೋಗುತ್ತವೆ. ಇದೇ ಕಾರಣಕ್ಕೆ ನಿಂಬೆರಸವನ್ನು ಕುದಿಯುವ ನೀರಿಗೆ ಹಾಕಬಾರದು. ಹಸಿರು ಉಳಿಯಲೆಂದು ಅಡುಗೆ ಸೋಡಾ ಹಾಕುವವರಿದ್ದಾರೆ. ಬಣ್ಣವೇನೋ ಹೊಳೆಯುತ್ತದೆ, ಆದರೆ ಸೋಡಾ ಜೀವಕೋಶದ ಗೋಡೆಯನ್ನು ಸಡಿಲಿಸುವುದರಿಂದ ನೀವು ಹೆದರುವ ಆ ಮುದ್ದೆ ಆಗುವುದು ಖಂಡಿತ.

ನದಿದಂಡೆ (ಮೈನ್)

ಹಬೆಪಾತ್ರೆಯವರ ಮಾತಿಗೆ ಒಂದನ್ನು ಸೇರಿಸುತ್ತೇನೆ. ಸುರುಳಿ ಮುದ್ದೆಯಾಗಲು ಮುಖ್ಯ ಕಾರಣ ಬೇಯಿಸುವ ಮೊದಲೇ ಕೊಚ್ಚುವುದು, ಇಲ್ಲವೇ ಬೆಂದದ್ದನ್ನು ಬಿಸಿಯಾಗಿಯೇ ಪಾತ್ರೆಯಲ್ಲಿ ಬಿಟ್ಟುಬಿಡುವುದು. ಇಡಿಯಾಗಿ ಬೇಯಿಸಿ, ತಕ್ಷಣ ಐಸ್ ನೀರಿಗೆ ಹಾಕಿದರೆ ತೊಟ್ಟಿನಲ್ಲಿ ಕಚ್ಚುವಷ್ಟು ಗಟ್ಟಿತನ ಉಳಿಯುತ್ತದೆ. ಆಮೇಲೆ ಬಾಣಲೆ ಚೆನ್ನಾಗಿ ಕಾದಿರಲಿ, ಸುರುಳಿ ಒಣಗಿರಲಿ, ಒಮ್ಮೆಗೆ ಸ್ವಲ್ಪವೇ ಹಾಕಿ. ಅಂಚು ಕಂದಿದಾಗ ಬರುವ ಹುರಿದ ಪರಿಮಳ ಚೀಸಿನ ನಡುವೆಯೂ ಎದ್ದು ಕಾಣುತ್ತದೆ. ಪೂರ್ತಿ ಬೆಂದ ಮೇಲೆ ಎಷ್ಟು ಬೇಕಾದರೂ ಹುರಿಯಿರಿ, ಯಾವ ಅಡ್ಡಿಯೂ ಇಲ್ಲ.

ಮತ್ತೆ, ರುಚಿ ಮುಚ್ಚಿಹೋಗುವುದು ಬಹುಪಾಲು ಚೀಸ್ ಅತಿಯಾಗಿ ಹಾಕುವುದರಿಂದ, ಕುದಿಸುವುದರಿಂದಲ್ಲ. ಅರ್ಧ ಕಿಲೋ ಚೀಸ್‌ಗೆ ಒಂದು ಹಿಡಿ ಸುರುಳಿ ಹಾಕಿ ಫಿಡಲ್‌ಹೆಡ್ ಡಿಪ್ ಎಂದರೆ ಆ ಗಿಡಕ್ಕೆ ಮಾಡುವ ಅನ್ಯಾಯ. ನಾನು ಕೊಟ್ಟ ಅಳತೆಯಲ್ಲಿ ಹಸಿ ಸುರುಳಿಯ ತೂಕವೂ ಮೂರು ಚೀಸ್‌ಗಳ ಒಟ್ಟು ತೂಕವೂ ಹೆಚ್ಚುಕಡಿಮೆ ಸಮನಾಗಿವೆ. ಅದಕ್ಕಿಂತ ಕಡಿಮೆ ಸುರುಳಿ ಸಿಕ್ಕಿದ್ದರೆ ಚೀಸನ್ನೂ ಕಡಿಮೆ ಮಾಡಿ.

ಹಳೆಚೆಡ್ಡಾರ್ (ವರ್ಮಾಂಟ್)

ಚೀಸ್ ವಿಷಯಕ್ಕೆ ಬಂದದ್ದು ಸಂತೋಷ. ಬಿಸಿ ಡಿಪ್‌ನಲ್ಲಿ ಜನ ಹೆಚ್ಚು ಸೋಲುವುದು ಇಲ್ಲಿಯೇ: ಓವನ್‌ನಿಂದ ತೆಗೆದಾಗ ಮೇಲೆ ಹಳದಿ ಎಣ್ಣೆ ತೇಲುತ್ತಿರುತ್ತದೆ, ಕೆಳಗೆ ರಬ್ಬರಿನ ಗಂಟುಗಳಿರುತ್ತವೆ. ಏಕೆ ಹೀಗಾಗುತ್ತದೆ ಎಂಬುದು ತಿಳಿದರೆ ತಪ್ಪಿಸುವುದು ಕಷ್ಟವಲ್ಲ.

ಚೀಸ್ ಎಂದರೆ ಕೇಸಿನ್ ಎಂಬ ಪ್ರೋಟೀನಿನ ಬಲೆ. ಆ ಬಲೆಯನ್ನು ಕ್ಯಾಲ್ಸಿಯಂ ಬಿಗಿದು ಹಿಡಿದಿರುತ್ತದೆ. ಕಣ್ಣುಗಳ ನಡುವೆ ಕೊಬ್ಬು ಮತ್ತು ನೀರು ಸಿಕ್ಕಿಕೊಂಡಿರುತ್ತವೆ. ಹದವಾದ ಬಿಸಿಗೆ ಬಲೆ ಸಡಿಲವಾಗಿ ಚೀಸ್ ಕರಗಿ ಹರಿಯುತ್ತದೆ. ಬಿಸಿ ಅತಿಯಾದರೆ ಪ್ರೋಟೀನು ಮತ್ತೆ ಕುಗ್ಗಿ ತನ್ನಲ್ಲಿದ್ದ ಕೊಬ್ಬನ್ನೂ ನೀರನ್ನೂ ಹೊರಗೆ ಹಿಂಡುತ್ತದೆ. ತುಂಬಾ ಹಳೆಯ, ನೀರಿನಂಶ ಕಡಿಮೆಯಿರುವ ಚೀಸ್ ಬೇಗ ಒಡೆಯುತ್ತದೆ. ಎರಡು ಮೂರು ವರ್ಷ ಹಣ್ಣಾದ ಚೆಡ್ಡಾರ್ ರುಚಿಗೆ ಅದ್ಭುತ, ಕರಗುವುದಕ್ಕೆ ಹಟಮಾರಿ. ಹೀಗಾಗಿ ಒಂಬತ್ತರಿಂದ ಹನ್ನೆರಡು ತಿಂಗಳ ಚೆಡ್ಡಾರ್ ತೆಗೆದುಕೊಳ್ಳಿ, ಜೊತೆಗೆ ಚೆನ್ನಾಗಿ ಕರಗುವ ಗ್ರುಯೆರ್ ಅಥವಾ ಫಾಂಟಿನಾ ಇರಲಿ.

ನದಿದಂಡೆಯವರು ತುರಿಗೆ ಮೆಕ್ಕೆಜೋಳದ ಪಿಷ್ಟ ಹೊರಳಿಸಲು ಹೇಳಿದ್ದಾರೆ, ಅದನ್ನು ಬಿಡಬೇಡಿ. ಪಿಷ್ಟದ ಕಣಗಳು ಪ್ರೋಟೀನಿನ ಎಳೆಗಳು ಒಂದಕ್ಕೊಂದು ಅಂಟಿ ಗಂಟಾಗುವುದನ್ನು ತಡೆಯುತ್ತವೆ. ಇನ್ನೂ ಭದ್ರವಾಗಬೇಕೆಂದರೆ ಅರ್ಧ ಸಣ್ಣ ಚಮಚ ಸೋಡಿಯಂ ಸಿಟ್ರೇಟ್ ಎಂಬ ಲವಣ ಸೇರಿಸಬಹುದು. ಅದು ಕ್ಯಾಲ್ಸಿಯಂ ಅನ್ನು ಸೆಳೆದುಕೊಂಡು ಬಲೆಯ ಬಿಗಿಯನ್ನು ಸಡಿಲಿಸುತ್ತದೆ, ಕೊಬ್ಬು ಪ್ರೋಟೀನಿನ ಜೊತೆಯಲ್ಲೇ ಉಳಿಯುತ್ತದೆ. 1916ರಲ್ಲಿ ಜೇಮ್ಸ್ ಕ್ರಾಫ್ಟ್ ಸಂಸ್ಕರಿಸಿದ ಚೀಸಿಗೆ ಪೇಟೆಂಟ್ ಪಡೆದರು. ಇಂದಿನ ಸಂಸ್ಕರಿಸಿದ ಚೀಸ್ ಹಾಳೆಗಳು ಎಷ್ಟು ಕಾಯಿಸಿದರೂ ಒಡೆಯದಿರುವುದು ಇಂಥ ಲವಣಗಳಿಂದಲೇ. ಸೋಡಿಯಂ ಸಿಟ್ರೇಟ್ ಮನೆಯಲ್ಲಿಲ್ಲದಿದ್ದರೆ ಅಂಥ ಒಂದೆರಡು ಹಾಳೆ ಹರಿದು ಹಾಕಿ. ಇದಕ್ಕೆ ಸಂಕೋಚಪಡಬೇಕಾಗಿಲ್ಲ, ಕೆಲಸ ಅಚ್ಚುಕಟ್ಟಾಗಿ ಆಗುತ್ತದೆ.

ಸಾವರ್ ಕ್ರೀಮ್ ಪೂರ್ತಿ ಕೊಬ್ಬಿನದೇ ಇರಲಿ. ಕೊಬ್ಬು ಕಡಿಮೆಯಿರುವುದು ಓವನ್‌ನಲ್ಲಿ ಒಡೆದು ಮಜ್ಜಿಗೆಯ ಗಷ್ಟಿನಂತಾಗುತ್ತದೆ.

ಬೆಳ್ಳುಳ್ಳಿಪ್ರಿಯ (ನ್ಯೂ ಹ್ಯಾಂಪ್‌ಶೈರ್)

ಪೊಟ್ಟಣದಲ್ಲಿ ಬರುವ ತುರಿದ ಚೀಸ್ ನಡೆಯುತ್ತದೆಯೇ?

ಹಳೆಚೆಡ್ಡಾರ್ (ವರ್ಮಾಂಟ್)

ನಡೆಯುತ್ತದೆ. ಅದಕ್ಕೆ ಅಂಟದಿರಲೆಂದು ಪಿಷ್ಟವನ್ನೋ ಸೆಲ್ಯುಲೋಸನ್ನೋ ಮೊದಲೇ ಲೇಪಿಸಿರುತ್ತಾರೆ, ಆದ್ದರಿಂದ ನಿಮ್ಮ ಪಿಷ್ಟವನ್ನು ಅರ್ಧಕ್ಕೆ ಇಳಿಸಿ. ಸೆಲ್ಯುಲೋಸ್ ಇರುವುದಾದರೆ ಡಿಪ್ ಸ್ವಲ್ಪ ಪುಡಿಪುಡಿಯಾಗಿ ನಾಲಗೆಗೆ ತಾಕುತ್ತದೆ. ಗಡ್ಡೆ ತಂದು ತುರಿಯುವುದೇ ನನಗೆ ಇಷ್ಟ.

ಮೊಸರುಗಡಿಗೆ (ಟೊರೊಂಟೊ)

ನಮ್ಮದು ಸಸ್ಯಾಹಾರಿ ಮನೆ, ಚೀಸ್ ಕೊಳ್ಳುವಾಗ ಹಾಲನ್ನು ಹೆಪ್ಪುಗಟ್ಟಿಸುವ ರೆನೆಟ್ ಎಲ್ಲಿಂದ ಬಂದದ್ದೆಂದು ನೋಡುತ್ತೇವೆ. ನಮ್ಮಂಥವರಿಗಾಗಿ ಬರೆಯುತ್ತಿದ್ದೇನೆ. ಸಾಂಪ್ರದಾಯಿಕ ಗ್ರುಯೆರ್‌ಗೆ ಕರುವಿನ ಹೊಟ್ಟೆಯಿಂದ ತೆಗೆದ ರೆನೆಟ್ ಬಳಸುತ್ತಾರೆ. ಪಾರ್ಮಿಜಾನೊ ರೆಜಾನೊ ಹೆಸರಿನಲ್ಲಿ ಮಾರುವುದಕ್ಕಂತೂ ಕರುವಿನ ರೆನೆಟ್ ಇರಲೇಬೇಕೆಂಬ ನಿಯಮವೇ ಇದೆ. ಆದರೆ ಅಮೆರಿಕ, ಕೆನಡಾಗಳಲ್ಲಿ ತಯಾರಾಗುವ ಎಷ್ಟೋ ಚೆಡ್ಡಾರ್‌ಗಳಲ್ಲಿ ಸೂಕ್ಷ್ಮಾಣುಗಳಿಂದ ಪಡೆದ ರೆನೆಟ್ ಇರುತ್ತದೆ. ಪೊಟ್ಟಣದ ಮೇಲೆ ‘ಮೈಕ್ರೋಬಿಯಲ್ ಎನ್ಜೈಮ್’ ಎಂದಿದ್ದರೆ ಕೊಳ್ಳಬಹುದು. ಬರೀ ‘ಎನ್ಜೈಮ್’ ಎಂದಿದ್ದರೆ ತಯಾರಕರನ್ನು ಕೇಳಬೇಕಾಗುತ್ತದೆ. ಗ್ರುಯೆರ್ ಬದಲು ಅಂಥದೇ ರೆನೆಟ್ ಇರುವ ಮಾಂಟೆರೇ ಜ್ಯಾಕ್ ಹಾಕಿದರೆ ಕರಗುವ ಗುಣ ಹಾಗೆಯೇ ಸಿಗುತ್ತದೆ. ಗ್ರುಯೆರ್‌ನ ಕಾಯಿಬೀಜದಂಥ ಪರಿಮಳ ಮಾತ್ರ ಇರುವುದಿಲ್ಲ, ಅದನ್ನು ತುಂಬಲು ಬೆಣ್ಣೆಯನ್ನು ಕಂದು ಬಣ್ಣಕ್ಕೆ ಬರುವವರೆಗೆ ಕಾಯಿಸಿ ಅದರಲ್ಲಿ ಈರುಳ್ಳಿ ಬಾಡಿಸಿ.

ಹೊಳೆಹಾದಿ (ನ್ಯೂ ಬ್ರನ್ಸ್‌ವಿಕ್)

ಇಷ್ಟು ಹೊತ್ತೂ ಅಡುಗೆಮನೆಯ ಮಾತು ನಡೆಯಿತು. ನಾನು ಹೊಳೆಯ ಕಡೆಯ ಮಾತು ಹೇಳುತ್ತೇನೆ, ಏಕೆಂದರೆ ಸ್ವತಃ ಕಿತ್ತು ತರುವ ಆಸೆ ಓದುಗರಲ್ಲಿ ಹುಟ್ಟಿರಬಹುದು.

ಬಹುಪಾಲು ಜರೀಗಿಡಗಳು ವಸಂತದಲ್ಲಿ ಸುರುಳಿಯಾಗಿಯೇ ಮೇಲೇಳುತ್ತವೆ. ತಿನ್ನಬೇಕಾದ್ದು ಆಸ್ಟ್ರಿಚ್ ಫರ್ನ್ ಒಂದನ್ನೇ. ಅದರ ಗುರುತು ಮೂರು, ಮೂರೂ ಒಟ್ಟಿಗೆ ಇರಲೇಬೇಕು. ತೊಟ್ಟು ನುಣುಪಾಗಿರಬೇಕು, ರೋಮ ಅಥವಾ ಹತ್ತಿಯಂಥ ನೂಲು ಇರಬಾರದು. ತೊಟ್ಟಿನ ಒಳಬದಿಯಲ್ಲಿ, ಅಂದರೆ ಸುರುಳಿ ಮಡಿಚಿಕೊಂಡಿರುವ ಬದಿಯಲ್ಲಿ, ಉದ್ದಕ್ಕೂ ಆಳವಾದ ಕಾಲುವೆಯಿರಬೇಕು. ಅಡ್ಡ ಕತ್ತರಿಸಿ ನೋಡಿದರೆ ಅದು ಸ್ಪಷ್ಟವಾಗಿ ಕಾಣುತ್ತದೆ. ಸುರುಳಿಯ ಮೇಲಿನ ಕಂದು ಹೊಟ್ಟು ಒಣಗಿ ತೆಳ್ಳಗಿದ್ದು, ಉಜ್ಜಿದರೆ ಉದುರಬೇಕು. ಇದರಲ್ಲಿ ಒಂದು ತಪ್ಪಿದರೂ ಬಿಟ್ಟುಬಿಡಿ. ಬ್ರ್ಯಾಕನ್ ಎಂಬ ಜರೀಗಿಡದ ಬಗ್ಗೆ ವಿಶೇಷ ಎಚ್ಚರಿಕೆ ಬೇಕು. ಅದರ ಎಳೆಚಿಗುರಿಗೆ ರೋಮವಿರುತ್ತದೆ, ಕವಲೊಡೆದು ಮೇಲೇಳುತ್ತದೆ, ಒಳಬದಿಯಲ್ಲಿ ಆ ಆಳದ ಕಾಲುವೆ ಇರುವುದಿಲ್ಲ. ಅದರಲ್ಲಿರುವ ಟಾಕ್ವಿಲೋಸೈಡ್ ಎಂಬ ರಾಸಾಯನಿಕ ಪ್ರಾಣಿಗಳಲ್ಲಿ ಕ್ಯಾನ್ಸರ್ ಉಂಟುಮಾಡುತ್ತದೆ. ನಾವು ಹೇಳುತ್ತಿರುವ 15 ನಿಮಿಷದ ನಿಯಮ ಆಸ್ಟ್ರಿಚ್ ಫರ್ನ್‌ಗೆ ಮಾತ್ರ. ಬೇರೆ ಗಿಡವನ್ನು ಕಿತ್ತು ಈ ನಿಯಮದ ಧೈರ್ಯದಲ್ಲಿ ಬೇಯಿಸಬೇಡಿ.

ಹಿಂದಿನ ವರ್ಷದ ಬೀಜಾಣು ಹೊತ್ತ ಒಣಗಿದ ಕಡ್ಡಿಗಳು ಗಿಡದ ನಡುವೆ ನೆಟ್ಟಗೆ ನಿಂತಿರುತ್ತವೆ, ಕಂದು ಬಣ್ಣದ ಚಿಕ್ಕ ಗರಿಗಳ ಹಾಗೆ. ದೂರದಿಂದ ಗಿಡ ಹುಡುಕಲು ಅದೇ ಒಳ್ಳೆಯ ಸುಳಿವು.

ಒಂದು ಬುಡದಿಂದ ಅರ್ಧಕ್ಕಿಂತ ಹೆಚ್ಚು ಸುರುಳಿ ಕೀಳಬಾರದು, ಆ ಬುಡಕ್ಕೆ ಅದೇ ಋತುವಿನಲ್ಲಿ ಮತ್ತೆ ಕೈಹಾಕಬಾರದು. ಆ ವರ್ಷದ ಎಲೆಗಳೆಲ್ಲ ಇವೇ ಸುರುಳಿಗಳಿಂದ ಬರಬೇಕು. ಎಲ್ಲವನ್ನೂ ಕಿತ್ತರೆ ಗಿಡ ಬೇರಿನಲ್ಲಿ ಕೂಡಿಟ್ಟದ್ದನ್ನೇ ಸುಟ್ಟುಕೊಂಡು ಮತ್ತೆ ಚಿಗುರಬೇಕಾಗುತ್ತದೆ, ಕ್ರಮೇಣ ಸೊರಗಿ ಸಾಯುತ್ತದೆ. ನೆಲದಿಂದ ಒಂದು ಗೇಣಿಗಿಂತ ಕಡಿಮೆ ಎತ್ತರದಲ್ಲಿ, ಸುರುಳಿ ಬಿಗಿಯಾಗಿರುವಾಗಲೇ ತೆಗೆಯಬೇಕು. ಜಮೀನಿನ ಒಡೆಯರ ಅನುಮತಿ ಕೇಳಿ. ಕಾರ್ಖಾನೆಯ ಕೆಳಹರಿವಿನಲ್ಲಿ, ಕೀಟನಾಶಕ ಸಿಂಪಡಿಸುವ ಹೊಲದಂಚಿನಲ್ಲಿ, ಹೆದ್ದಾರಿಯ ಪಕ್ಕದಲ್ಲಿ ಕೀಳಬೇಡಿ.

ಇಲ್ಲಿಯ ರೆಸ್ಟಿಗುಶ್ ನದಿಯ ದಂಡೆಯಲ್ಲಿರುವ ಟೈಡ್ ಹೆಡ್ ಎಂಬ ಊರು ತನ್ನನ್ನು ಜಗತ್ತಿನ ಫಿಡಲ್‌ಹೆಡ್ ರಾಜಧಾನಿ ಎಂದು ಕರೆದುಕೊಳ್ಳುತ್ತದೆ. ಅದಕ್ಕೂ ಎಷ್ಟೋ ಹಿಂದಿನಿಂದ ಇಲ್ಲಿಯ ಮೂಲನಿವಾಸಿಗಳಾದ ಮಿಗ್‌ಮಾ ಮತ್ತು ವೊಲಾಸ್ತೊಕೆಯಿ ಜನ ವಸಂತದ ಮೊದಲ ಹಸಿರಾಗಿ ಇದನ್ನು ಕೊಯ್ದು ತಿನ್ನುತ್ತಾ ಬಂದಿದ್ದಾರೆ. ಯುರೋಪಿನಿಂದ ಬಂದು ನೆಲೆಸಿದವರು ಇದನ್ನು ತಿನ್ನಲು ಕಲಿತದ್ದು ಅವರಿಂದ. ಚೀಸ್ ಬೆರೆಸುವುದು ತೀರಾ ಈಚಿನ ಸಂಗತಿ. ಆದರೆ ಬುಡ ಉಳಿಸಿ ಕೊಯ್ಯುವ ಶಿಸ್ತು ಅವರಿಂದ ಬಂದ ಉಪಕಾರ, ಅದನ್ನು ಮರೆತು ಬರೀ ಡಿಪ್ ಬಗ್ಗೆ ಮಾತನಾಡುವುದು ನನಗೆ ಸರಿಕಾಣದು.

ಹಬೆಪಾತ್ರೆ (ಒಟ್ಟಾವಾ)

ಹೊಳೆಹಾದಿಯವರ ಮಾತನ್ನು ಎಲ್ಲರೂ ಓದಬೇಕು. ನದಿ ದಂಡೆಯಿರುವ ಸ್ನೇಹಿತರ ಜಮೀನಿನಲ್ಲಿ ಒಂದು ಕಾಲಕ್ಕೆ ದಟ್ಟವಾಗಿದ್ದ ಗಿಡಗಳು ಪ್ರತಿ ವರ್ಷದ ಪೂರ್ತಿ ಕೊಯ್ಲಿನಿಂದ ಬುಡಬುಡವಾಗಿ ಕಣ್ಮರೆಯಾದದ್ದನ್ನು ನಾನು ನೋಡಿದ್ದೇನೆ.

ಹೊಸಒಲೆ (ಬಾಸ್ಟನ್)

ಫಿಡಲ್‌ಹೆಡ್ ಸಿಗದಿದ್ದರೆ ಕಾಡು ಬೆಳ್ಳುಳ್ಳಿಯಂಥ ರ‍್ಯಾಂಪ್ ಸೊಪ್ಪಿನಿಂದ ಇದೇ ಡಿಪ್ ಮಾಡಬಹುದೇ?

ಬೆಳ್ಳುಳ್ಳಿಪ್ರಿಯ (ನ್ಯೂ ಹ್ಯಾಂಪ್‌ಶೈರ್)

ಮಾಡಬಹುದು, ನನಗಂತೂ ಅದೇ ಹೆಚ್ಚು ಇಷ್ಟ. ರ‍್ಯಾಂಪ್‌ನ ಎಲೆ ಹಸಿಯಾಗಿಯೂ ತಿನ್ನಬಹುದಾದ್ದರಿಂದ ಕುದಿಸುವ ನಿಯಮ ಅದಕ್ಕಿಲ್ಲ. ಬೆಣ್ಣೆಯಲ್ಲಿ ಒಂದು ನಿಮಿಷ ಬಾಡಿಸಿದರೆ ಸಾಕು. ಬೆಳ್ಳುಳ್ಳಿಯನ್ನು ಪೂರ್ತಿ ಬಿಡಿ. ಆದರೆ ಗೆಡ್ಡೆ ಕೀಳಬೇಡಿ, ಒಂದು ಗಿಡದಿಂದ ಒಂದೇ ಎಲೆ ಕತ್ತರಿಸಿ. ಬೀಜದಿಂದ ಬೆಳೆದು ಕೊಯ್ಲಿಗೆ ಬರಲು ಅದಕ್ಕೆ ಐದರಿಂದ ಏಳು ವರ್ಷ ಬೇಕು. ಕ್ವಿಬೆಕ್‌ನಲ್ಲಿ ಅದರ ಮಾರಾಟವನ್ನು 1995ರಿಂದ ನಿಷೇಧಿಸಿದ್ದಾರೆ, ಸ್ವಂತ ಬಳಕೆಗೆ ಒಬ್ಬರಿಗೆ ವರ್ಷಕ್ಕೆ 50 ಗೆಡ್ಡೆಗಳ ಮಿತಿಯಿದೆ. ವಿಷಕಾರಿಯಾದ ಲಿಲಿ ಆಫ್ ದಿ ವ್ಯಾಲಿಯ ಎಲೆಯೂ ಹೆಚ್ಚುಕಡಿಮೆ ಹಾಗೆಯೇ ಕಾಣುತ್ತದೆ. ಪ್ರತಿ ಎಲೆಯನ್ನೂ ಬೇರೆಬೇರೆಯಾಗಿ ಗುರುತಿಸಿ. ಒಂದೆರಡು ರ‍್ಯಾಂಪ್ ಮುಟ್ಟಿದ ಮೇಲೆ ಕೈಗೆಲ್ಲ ಬೆಳ್ಳುಳ್ಳಿ ವಾಸನೆ ಹತ್ತಿಕೊಳ್ಳುವುದರಿಂದ ಮೂಗನ್ನು ನಂಬಬೇಡಿ.

ಮೊಸರುಗಡಿಗೆ (ಟೊರೊಂಟೊ)

ಇಪ್ಪತ್ತು ಜನರ ಕೂಟಕ್ಕೆ ಡಿಪ್ ಅನ್ನು ಸ್ಲೋ ಕುಕ್ಕರ್‌ನಲ್ಲಿ, ಅಂದರೆ ಸಣ್ಣ ಬಿಸಿಯಲ್ಲಿ ನಿಧಾನವಾಗಿ ಬೇಯಿಸುವ ವಿದ್ಯುತ್ ಪಾತ್ರೆಯಲ್ಲಿ, ಇಡಬೇಕೆಂದಿದ್ದೇನೆ. ಎಲ್ಲವನ್ನೂ ಬೆಳಿಗ್ಗೆಯೇ ಅದರಲ್ಲಿ ಹಾಕಿ ಬಿಟ್ಟರೆ?

ಎಚ್ಚರವಿರಲಿ (ನ್ಯೂಯಾರ್ಕ್ ರಾಜ್ಯ)

ಹಸಿ ಸುರುಳಿಯನ್ನು ಸ್ಲೋ ಕುಕ್ಕರ್‌ಗೆ ಹಾಕಲೇಬೇಡಿ. ಅದು ಬೆಂದದ್ದನ್ನು ಬೆಚ್ಚಗಿಡುವುದಕ್ಕೆ ಒಳ್ಳೆಯದು. ಕುದಿಸಿ, ಹಿಂಡಿ, ಒಲೆಯ ಮೇಲೋ ಓವನ್‌ನಲ್ಲೋ ಡಿಪ್ ಪೂರ್ತಿ ಬಿಸಿ ಮಾಡಿ, ಆಮೇಲೆ ‘ವಾರ್ಮ್’ ಗುರುತಿನಲ್ಲಿ ಇಡಿ. ಬಿಸಿ 60 ಡಿಗ್ರಿ ಸೆಲ್ಸಿಯಸ್‌ಗಿಂತ ಇಳಿಯಬಾರದು, ಒಂದು ಅಡುಗೆ ಥರ್ಮಾಮೀಟರ್ ಇದ್ದರೆ ಊಹಿಸಬೇಕಾಗಿಲ್ಲ. ಬಿಸಿಯಿಲ್ಲದೆ ಮೇಜಿನ ಮೇಲೆ ಎರಡು ಗಂಟೆಗಿಂತ ಹೆಚ್ಚು ಇದ್ದದ್ದನ್ನು ಬಿಸಾಡಿ.

ಹಳೆಚೆಡ್ಡಾರ್ (ವರ್ಮಾಂಟ್)

ದೀರ್ಘಕಾಲ ಬೆಚ್ಚಗಿಡುವುದಾದರೆ ಸೋಡಿಯಂ ಸಿಟ್ರೇಟ್ ಇಲ್ಲವೇ ಸಂಸ್ಕರಿಸಿದ ಚೀಸ್ ಹಾಳೆ ಕಡ್ಡಾಯವೆಂದು ತಿಳಿಯಿರಿ. ಪಿಷ್ಟವೊಂದೇ ಅಷ್ಟು ಹೊತ್ತು ಹಿಡಿದಿಡುವುದಿಲ್ಲ. ಅರ್ಧ ಗಂಟೆಗೊಮ್ಮೆ ಕಲಕಿ. ಗಟ್ಟಿಯಾದರೆ ಒಂದೆರಡು ಚಮಚ ಬಿಸಿ ಹಾಲು.

ಬೆಳ್ಳುಳ್ಳಿಪ್ರಿಯ (ನ್ಯೂ ಹ್ಯಾಂಪ್‌ಶೈರ್)

ಕಳೆದ ವಾರಾಂತ್ಯ ನದಿದಂಡೆಯವರ ಅಳತೆಯಲ್ಲಿ ಮಾಡಿದೆ, ಹಬೆಯಲ್ಲಿ 12 ನಿಮಿಷ, ಆಮೇಲೆ ಕಂದು ಬೆಣ್ಣೆಯಲ್ಲಿ ಹುರಿದೆ. ಸುರುಳಿಯ ತೊಟ್ಟು ಹಲ್ಲಿಗೆ ಸಿಗುವಷ್ಟು ಗಟ್ಟಿಯಾಗಿತ್ತು, ಚೀಸಿನ ನಡುವೆ ಅದರ ರುಚಿ ಬೇರೆಯಾಗಿಯೇ ತಿಳಿಯುತ್ತಿತ್ತು. ಸುಟ್ಟ ರೈ ಬ್ರೆಡ್ ಇದಕ್ಕೆ ಹೇಳಿ ಮಾಡಿಸಿದ ಜೊತೆ. ಉಪ್ಪು ಹಾಕಿದ ಚಿಪ್ಸ್ ಜೊತೆ ಮಾತ್ರ ಬೇಡ, ಉಪ್ಪಿನ ಮೇಲೆ ಉಪ್ಪಾಗುತ್ತದೆ. ಬೇಯಿಸಿದ ಸಣ್ಣ ಆಲೂಗಡ್ಡೆಯ ಮೇಲೆ ಸುರಿದುಕೊಂಡು ತಿಂದರೆ ಅದೇ ರಾತ್ರಿಯ ಊಟ.

ಹೊಸಒಲೆ (ಬಾಸ್ಟನ್)

ಚಳಿಗಾಲಕ್ಕೆಂದು ಫ್ರೀಜ್ ಮಾಡಿಟ್ಟರೆ ಆಗಲೂ ಇದೇ ಕ್ರಮವೇ?

ನದಿದಂಡೆ (ಮೈನ್)

ಅದೇ ಕ್ರಮ. ತೊಳೆದು, ಕುದಿಯುವ ನೀರಿನಲ್ಲಿ ಎರಡು ನಿಮಿಷ ಅದ್ದಿ, ಆ ನೀರು ಚೆಲ್ಲಿ, ಐಸ್ ನೀರಿನಲ್ಲಿ ತಣಿಸಿ, ಚೆನ್ನಾಗಿ ಒಣಗಿಸಿ, ಗಾಳಿ ತೆಗೆದ ಚೀಲದಲ್ಲಿ ಫ್ರೀಜರ್‌ಗೆ ಹಾಕಿ. ಒಂದು ವರ್ಷದವರೆಗೆ ಇಡಬಹುದು. ಆ ಎರಡು ನಿಮಿಷ ಬಣ್ಣ ಮತ್ತು ರುಚಿ ಕೆಡದಿರಲೆಂದು ಮಾತ್ರ, ಅದನ್ನು ಬೇಯಿಸಿದ್ದೆಂದು ಲೆಕ್ಕ ಹಿಡಿಯಬೇಡಿ. ಡಿಪ್ ಮಾಡುವ ದಿನ ಮತ್ತೆ ಪೂರ್ತಿ 15 ನಿಮಿಷ ಕುದಿಸಬೇಕು. ಫ್ರೀಜ್ ಆದ ಸುರುಳಿ ಹೆಚ್ಚು ನೀರು ಬಿಡುತ್ತದೆ, ಹಿಂಡುವಾಗ ಇನ್ನಷ್ಟು ತಾಳ್ಮೆ ಬೇಕು. ಮಾಡಿದ ಡಿಪ್ ಅನ್ನು ಫ್ರೀಜ್ ಮಾಡಬೇಡಿ, ಕ್ರೀಮ್ ಚೀಸ್ ಒಡೆದು ಕಾಳುಕಾಳಾಗುತ್ತದೆ. ಉಳಿದದ್ದನ್ನು ಫ್ರಿಜ್‌ನಲ್ಲಿಟ್ಟು ಮೂರು ದಿನದೊಳಗೆ, 74 ಡಿಗ್ರಿ ಸೆಲ್ಸಿಯಸ್ ಮುಟ್ಟುವವರೆಗೆ ಬಿಸಿ ಮಾಡಿ ತಿನ್ನಿ; ಕಲಕಿ ನಡುಭಾಗದ ಬಿಸಿಯನ್ನೂ ನೋಡಿ.